‘ಹಾರುವ ಡೈನೋಸಾರ್ ಯಾವುದು?’ ಮಗಳು ‘ಹಕ್ಕಿ’ ಅಂತ ಬರೆದಿದ್ದಕ್ಕೆ ಸೊನ್ನೆ

ಕುವೆಂಪುನಗರ ನಿವಾಸಿ:
ಎಲ್ಲರಿಗೂ ನಮಸ್ಕಾರ. ಮಗಳು ಏಳನೇ ತರಗತಿ. ಅವಳ ಶಾಲೆಯ ಕ್ವಿಜ್‌ನಲ್ಲಿ ‘ಹಾರುವ ಡೈನೋಸಾರ್ ಒಂದನ್ನು ಹೆಸರಿಸಿ’ ಅಂತ ಕೇಳಿದ್ದಾರೆ. ಇವಳು ‘ಹಕ್ಕಿ’ ಅಂತ ಬರೆದಿದ್ದಾಳೆ. ಅದಕ್ಕೆ ಗೀಟು ಎಳೆದು ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ ‘ಟೆರೊಡ್ಯಾಕ್ಟೈಲ್’ ಅಂತ ತಿದ್ದಿ ಕಳಿಸಿದ್ದಾರೆ. ಇನ್ನೊಂದು ಪ್ರಶ್ನೆ, ‘ಡೈನೋಸಾರ್ ಪದದ ಅರ್ಥವೇನು?’ ಅದಕ್ಕೆ ‘ಭಯಾನಕ ಹಲ್ಲಿ’ ಅಂತ ಬರೆದು ಮಾರ್ಕ್ಸ್ ತಗೊಂಡಿದ್ದಾಳೆ. ಈಗ ಮನೇಲಿ ಅವಳದೇ ತಕರಾರು: ಡೈನೋಸಾರ್ ಹಲ್ಲಿ ಜಾತಿನೇ ಅಲ್ಲ ಅಂದ್ಮೇಲೆ ಹಲ್ಲಿ ಅಂತ ಯಾಕೆ ಹೆಸರಿಟ್ರು? ಹಾರುವ ಟೆರೊಡ್ಯಾಕ್ಟೈಲ್ ಡೈನೋಸಾರ್ ಅಲ್ಲ ಅಂತ ಎಲ್ಲಾ ಕಡೆ ಇದೆ, ಹಾಗಾದ್ರೆ ನನ್ನ ಉತ್ತರ ಹೇಗೆ ತಪ್ಪು?

ನಾನು ಕಾಮರ್ಸ್ ಓದಿದವಳು. ಶಾಲೆಗೆ ಹೋಗಿ ಮಾತಾಡೋ ಮುಂಚೆ ನನಗೇ ಸರಿಯಾಗಿ ಗೊತ್ತಿರಬೇಕು, ತಿಳಿದವರು ಬಿಡಿಸಿ ಹೇಳಿ. ಹಾಗೇ ಕನ್ನಡದಲ್ಲಿ ಡೈನೋಸಾರ್ ಅಂತ ಬರೆಯೋದೋ ಡೈನೋಸಾರಸ್ ಅಂತಲೋ? ಪೇಪರಲ್ಲಿ ಎರಡೂ ನೋಡಿದ್ದೀನಿ.

ಪಾಂಡವಪುರದವ:
ಹಕ್ಕಿ ಅನ್ನೋದೇ ಸರಿ ಉತ್ತರ ಅಕ್ಕ. ಮಗೂಗೆ ಪೂರ್ತಿ ಮಾರ್ಕ್ಸ್ ಕೊಡಬೇಕಿತ್ತು.

ಸರಸ್ವತಿಪುರಂ ಓದುಗ:
ಅದು ಹೇಗೆ ಸರಿ ಆಗುತ್ತೆ ಸ್ವಾಮಿ? ಡೈನೋಸಾರ್ ಅಳಿದು 6.6 ಕೋಟಿ ವರ್ಷ ಆಯ್ತು. ಹಕ್ಕಿ ಈಗಲೂ ಮರದ ಮೇಲೆ ಕೂತಿದೆ. ಡೈನೋಸಾರ್ ವಂಶದಿಂದ ಹಕ್ಕಿ ಬಂತು ಅನ್ನೋದು ಒಂದು ಮಾತು, ಹಕ್ಕಿನೇ ಡೈನೋಸಾರ್ ಅನ್ನೋದು ಬೇರೆ ಮಾತು. ಮಕ್ಕಳಿಗೆ ಗೊಂದಲ ಮಾಡಬೇಡಿ.

ಮದ್ದೂರು ಮೇಷ್ಟ್ರು:
ನಾನು ಪಿಯುಸಿಗೆ ಜೀವಶಾಸ್ತ್ರ ಪಾಠ ಮಾಡಿ ನಿವೃತ್ತನಾದವನು. ಹೆಸರು ಹುಟ್ಟಿದ ಕಥೆಯಿಂದಲೇ ಶುರು ಮಾಡೋಣ, ಆಗ ಅರ್ಧ ಜಗಳ ತಾನಾಗೇ ತೀರುತ್ತದೆ.

ಈ ಹೆಸರಿಟ್ಟವರು ಇಂಗ್ಲೆಂಡಿನ ಅಂಗರಚನಾ ವಿಜ್ಞಾನಿ ರಿಚರ್ಡ್ ಓವನ್. 1841ರಲ್ಲಿ ಪ್ಲಿಮತ್‌ನಲ್ಲಿ ನಡೆದ ವಿಜ್ಞಾನ ಸಭೆಯಲ್ಲಿ ಬ್ರಿಟನ್ನಿನ ಸರೀಸೃಪ ಪಳೆಯುಳಿಕೆಗಳ ಬಗ್ಗೆ ಅವರು ವರದಿ ಮಂಡಿಸಿದರು. ಅದು 1842ರಲ್ಲಿ ಅಚ್ಚಾದಾಗ ‘ಡೈನೋಸಾರಿಯಾ’ ಎಂಬ ಪದ ಮೊದಲ ಸಲ ಕಾಣಿಸಿಕೊಂಡಿತು. ಆಗ ಅವರ ಮುಂದಿದ್ದದ್ದು ಮೂರೇ ಪ್ರಾಣಿಗಳು: ಮೆಗಲೋಸಾರಸ್, ಇಗ್ವಾನೊಡಾನ್, ಹೈಲಿಯೋಸಾರಸ್. ಅದಕ್ಕೂ ಮುಂಚೆ ಇಗ್ವಾನೊಡಾನ್ ಅಂದ್ರೆ ಸಿಕ್ಕಾಪಟ್ಟೆ ಬೆಳೆದ ಓತಿಕ್ಯಾತ ಅಂತಲೇ ಜನ ಊಹಿಸಿಕೊಂಡಿದ್ದರು. ಓವನ್ ಮೂಳೆಗಳನ್ನು ನೋಡಿ ಎರಡು ವಿಷಯ ಹಿಡಿದರು. ಸೊಂಟದ ಹತ್ತಿರ ಐದು ಕಶೇರುಗಳು, ಅಂದರೆ ಬೆನ್ನೆಲುಬಿನ ಮಣಿಗಳು, ಬೆಸೆದು ಒಂದಾಗಿವೆ. ಕಾಲುಗಳು ಹಲ್ಲಿಯ ಹಾಗೆ ಪಕ್ಕಕ್ಕೆ ಚಾಚಿಕೊಂಡಿಲ್ಲ, ಮೈಯ ಕೆಳಗೆ ನೆಟ್ಟಗೆ ನಿಂತಿವೆ. ಇವು ಬೇರೆಯದೇ ಗುಂಪು ಅಂತ ತೀರ್ಮಾನಿಸಿ ಗ್ರೀಕಿನ ಎರಡು ಪದ ಸೇರಿಸಿ ಹೆಸರು ಕಟ್ಟಿದರು. ‘ಸಾರೋಸ್’ ಅಂದರೆ ಹಲ್ಲಿ. ‘ಡೈನೋಸ್’ ಅಂದರೆ ಭಯಂಕರ, ಆದರೆ ಅವರು ಅದಕ್ಕೆ ಕೊಟ್ಟ ಅರ್ಥ ‘ಭಯ ಹುಟ್ಟಿಸುವಷ್ಟು ದೊಡ್ಡದು’ ಅಂತ. ಕ್ರೌರ್ಯ ಅವರ ಮನಸ್ಸಿನಲ್ಲಿ ಇರಲಿಲ್ಲ, ಗಾತ್ರ ಇತ್ತು.

ಕೆ.ಆರ್.ಪೇಟೆ ಕಬ್ಬು:
ಮೇಷ್ಟ್ರೇ, ಇದು ನಮ್ಮ ಕಡೆ ಮಾತಲ್ಲೇ ಐತಲ್ಲ. ‘ಭಯಂಕರ ಮಳೆ ಬಂತು’, ‘ಭಯಂಕರ ಜನ ಸೇರಿದ್ರು’ ಅಂತೀವಿ, ಯಾರೂ ಹೆದರ್ಕೊಂಡು ಹೇಳಲ್ಲ. ಬಾಳ ಅಂತ ಅರ್ಥ ಅಷ್ಟೆ. ಓವನ್ ಸಾಹೇಬ್ರು ಹೇಳಿದ್ದು ನಮಗೆ ಸಲೀಸಾಗಿ ಅರ್ಥ ಆಯ್ತದೆ. ‘ಭಯಾನಕ ಹಲ್ಲಿ’ ಅಂತ ಪುಸ್ತಕದ ಭಾಷೆಗೆ ತಂದಾಗಲೇ ಕೆಟ್ಟೋಗಿದ್ದು.

ಮದ್ದೂರು ಮೇಷ್ಟ್ರು:
ಸರಿಯಾಗಿ ಹೇಳಿದಿರಿ. ಮಕ್ಕಳಿಗೆ ಹೇಳುವಾಗ ‘ಭಯಂಕರ ದೊಡ್ಡ ಹಲ್ಲಿ’ ಅಂತ ಹೇಳಿ, ‘ದೊಡ್ಡ’ ಬಿಡಬೇಡಿ.

ಸರಸ್ವತಿಪುರಂ ಓದುಗ:
ಅರ್ಥ ಏನೇ ಇರಲಿ, ಹಲ್ಲಿ ಅಲ್ಲದ ಪ್ರಾಣಿಗೆ ಹಲ್ಲಿ ಅಂತ ಹೆಸರು ಉಳಿಸಿಕೊಂಡಿರೋದು ವಿಜ್ಞಾನಕ್ಕೆ ಶೋಭೆಯೇ? ತಪ್ಪು ಅಂತ ಗೊತ್ತಾದ ಮೇಲೆ ಬದಲಾಯಿಸಬೇಕು ತಾನೇ.

ಗಂಗೋತ್ರಿ ಭೂವಿಜ್ಞಾನ:
ಸರ್, ವೈಜ್ಞಾನಿಕ ಹೆಸರು ಗುರುತಿಗೆ ಇರೋದು, ವರ್ಣನೆಗೆ ಅಲ್ಲ. ಮೊದಲು ನಿಯಮದ ಪ್ರಕಾರ ಯಾವ ಹೆಸರು ಪ್ರಕಟ ಆಯ್ತೋ ಅದೇ ಉಳಿಯುತ್ತೆ, ಅರ್ಥ ಹೊಂದಲಿಲ್ಲ ಅಂತ ತೆಗೆಯೋ ಹಾಗಿಲ್ಲ. ಬಸಿಲೋಸಾರಸ್ ನೋಡಿ. 1834ರಲ್ಲಿ ಅಮೆರಿಕದ ಹಾರ್ಲನ್ ಅದನ್ನು ಸಮುದ್ರದ ಸರೀಸೃಪ ಅಂದುಕೊಂಡು ‘ರಾಜ ಹಲ್ಲಿ’ ಅಂತ ಹೆಸರಿಟ್ಟರು. ಅದು ತಿಮಿಂಗಿಲ! ಹಲ್ಲು ನೋಡಿದ ಕೂಡಲೇ ಇದು ಸಸ್ತನಿ ಅಂತ ಹೇಳಿದ್ದು ಇದೇ ಓವನ್. ಬೇರೆ ಹೆಸರನ್ನೂ ಸೂಚಿಸಿದರು, ಆದರೆ ಮೊದಲಿಟ್ಟದ್ದೇ ಉಳಿಯಿತು. ಇವತ್ತಿಗೂ ಆ ತಿಮಿಂಗಿಲ ಬಸಿಲೋಸಾರಸ್ಸೇ.

ಇನ್ನೂ ಅನ್ಯಾಯ ಆಗಿದ್ದು ಒವಿರ‍್ಯಾಪ್ಟರ್‌ಗೆ. ಮಂಗೋಲಿಯಾದಲ್ಲಿ ಮೊಟ್ಟೆಗಳ ಗೂಡಿನ ಮೇಲೆ ಸಿಕ್ಕಿತು ಅಂತ 1924ರಲ್ಲಿ ‘ಮೊಟ್ಟೆ ಕಳ್ಳ’ ಅಂತ ಹೆಸರಿಟ್ಟರು. 1990ರ ದಶಕದಲ್ಲಿ ಅಂಥದೇ ಮೊಟ್ಟೆಯೊಳಗೆ ಭ್ರೂಣ ಸಿಕ್ಕಿ ನೋಡಿದರೆ ಅದು ಇದೇ ಕುಟುಂಬದ ಮರಿ. ಗೂಡಿನ ಮೇಲೆ ಕಾವು ಕೊಡುವ ಭಂಗಿಯಲ್ಲಿ ಕೂತೇ ಸತ್ತಿದ್ದ ಹತ್ತಿರದ ನೆಂಟರೂ ಸಿಕ್ಕವು. ಕಾವಿಗೆ ಕೂತಿದ್ದ ಪ್ರಾಣಿಗೆ ಕಳ್ಳ ಅನ್ನೋ ಹೆಸರು ಅಂಟಿಕೊಂಡೇ ಇದೆ. ನನಗೆ ಇದನ್ನು ಓದಿದಾಗಲೆಲ್ಲ ಹೊಟ್ಟೆ ಉರಿಯುತ್ತೆ, ಆದರೆ ನಿಯಮ ಅಂದ್ರೆ ನಿಯಮ.

ಪಾಂಡವಪುರದವ:
ನಮ್ಮೂರಲ್ಲಿ ಕೆಂಪಯ್ಯ ಅಂತ ಹೆಸರಿಟ್ಟೋರು ಕಪ್ಪಗವ್ರೆ, ಕರಿಯಪ್ಪ ಬೆಳ್ಳಗವ್ರೆ. ಅದಕ್ಕೆ ಯಾರಾದ್ರೂ ಪಹಣಿ ತಿದ್ದಿಸ್ತಾರಾ?

ಗಂಗೋತ್ರಿ ಭೂವಿಜ್ಞಾನ:
ಅದೇ ಅಣ್ಣ, ಪಹಣಿಲಿ ಒಂದು ಸಲ ಬಂದದ್ದು ಬಂತು.

ಕುವೆಂಪುನಗರ ನಿವಾಸಿ:
ಹೆಸರಿನ ವಿಷಯ ಚೆನ್ನಾಗಿ ಅರ್ಥ ಆಯ್ತು, ಎಲ್ಲರಿಗೂ ಥ್ಯಾಂಕ್ಸ್. ಟೆರೊಡ್ಯಾಕ್ಟೈಲ್ ಯಾಕೆ ಅಲ್ಲ ಅನ್ನೋದು ಹೇಳಿ. ದಸರಾ ವಸ್ತುಪ್ರದರ್ಶನದಲ್ಲಿ ತಂದ ಪ್ಲಾಸ್ಟಿಕ್ ಡೈನೋಸಾರ್ ಪ್ಯಾಕೆಟ್‌ನಲ್ಲೂ ಅದು ಇದೆ. ಬೆನ್ನ ಮೇಲೆ ಬೀಸಣಿಗೆ ಇರೋದು, ಉದ್ದ ಕತ್ತಿನ ಈಜೋದು, ಎಲ್ಲ ಅದರಲ್ಲೇ ಇವೆ.

ಮದ್ದೂರು ಮೇಷ್ಟ್ರು:
ಆ ಪ್ಯಾಕೆಟ್ಟೇ ಅರ್ಧ ತಪ್ಪು ಕಲಿಸುತ್ತಿದೆಯಮ್ಮ.

ಟೆರೊಡ್ಯಾಕ್ಟೈಲ್ ಸೇರಿದ ಗುಂಪು ಟೆರೊಸಾರ್. ಅದರ ರೆಕ್ಕೆ ಅಂದರೆ ವಿಪರೀತ ಉದ್ದ ಬೆಳೆದ ನಾಲ್ಕನೇ ಬೆರಳೊಂದರಿಂದ ಮೈಗೆ ಹರಡಿದ ಚರ್ಮ. ಡೈನೋಸಾರ್‌ಗಳಿಗೆ ಅದು ಹತ್ತಿರದ ದಾಯಾದಿ, ಆದರೆ ಡೈನೋಸಾರ್ ಅನ್ನೋ ಕೊಂಬೆ ಕವಲೊಡೆಯುವ ಮೊದಲೇ ಬೇರೆ ದಾರಿ ಹಿಡಿದದ್ದು. ಈಜುವ ಇಕ್ತಿಯೋಸಾರ್, ಪ್ಲೀಸಿಯೋಸಾರ್‌ಗಳು ಇನ್ನೂ ದೂರದವು. ಸಮುದ್ರದ ಇನ್ನೊಂದು ದೈತ್ಯ ಮೋಸಸಾರ್ ಮಾತ್ರ ನಿಜವಾಗಿಯೂ ಹಲ್ಲಿಗಳ ಗುಂಪಿನದು, ನಮ್ಮ ಉಡ ಮತ್ತು ಹಾವುಗಳ ಕಡೆಯ ನಂಟು. ಬೆನ್ನ ಮೇಲೆ ಬೀಸಣಿಗೆ ಇರುವುದು ಡಿಮೆಟ್ರೊಡಾನ್ ಇರಬೇಕು. ಅದು ಮೊದಲ ಡೈನೋಸಾರ್ ಹುಟ್ಟುವುದಕ್ಕೆ ಕೋಟ್ಯಂತರ ವರ್ಷ ಮುಂಚೆಯೇ ಅಳಿದುಹೋಯಿತು. ಸರೀಸೃಪಗಳಿಗಿಂತ ಸಸ್ತನಿಗಳಿಗೆ, ಅಂದರೆ ನಮಗೆ, ಹತ್ತಿರ.

ಈಗ ಡೈನೋಸಾರ್ ಯಾವುದು ಅಂತ ತೀರ್ಮಾನ ಮಾಡೋದು ಗಾತ್ರ ನೋಡಿ ಅಲ್ಲ, ಅಳಿದುಹೋಗಿದೆಯೋ ಇಲ್ಲವೋ ನೋಡಿಯೂ ಅಲ್ಲ. ವಂಶ ನೋಡಿ. ಮೂರು ಕೊಂಬಿನ ಟ್ರೈಸೆರಟಾಪ್ಸ್ ಮತ್ತು ಇಂದಿನ ಹಕ್ಕಿ, ಇವೆರಡಕ್ಕೂ ತೀರ ಹತ್ತಿರದ ಒಂದೇ ಪೂರ್ವಜ ಯಾವುದೋ ಅದು, ಮತ್ತು ಅದರ ಸಂತತಿ ಪೂರ್ತಿ. ಹಕ್ಕಿ ಜಾಗದಲ್ಲಿ ಮನೆಗುಬ್ಬಚ್ಚಿಯನ್ನೇ ಹೆಸರಿಸಿ ಬರೆದ ವ್ಯಾಖ್ಯೆಯೂ ಬಳಕೆಯಲ್ಲಿದೆ. ಟೆರೊಸಾರ್ ಆ ಲೆಕ್ಕದಿಂದ ಹೊರಗೆ, ಹಕ್ಕಿ ಒಳಗೆ.

ಸರಸ್ವತಿಪುರಂ ಓದುಗ:
ಅಂದರೆ ವ್ಯಾಖ್ಯೆಯಲ್ಲೇ ಹಕ್ಕಿಯನ್ನು ಸೇರಿಸಿಕೊಂಡು ಆಮೇಲೆ ‘ನೋಡಿ, ಹಕ್ಕಿ ಡೈನೋಸಾರ್’ ಅನ್ನೋದು. ಇದು ಸುತ್ತಿಬಳಸಿ ತಮ್ಮ ಮಾತಿಗೇ ಬಂದ ಹಾಗಾಯ್ತಲ್ಲ?

ಗಂಗೋತ್ರಿ ಭೂವಿಜ್ಞಾನ:
ಮೂಳೆ ಮೊದಲು ಬಂತು ಸರ್, ವ್ಯಾಖ್ಯೆ ಆಮೇಲೆ. 1861ರಲ್ಲೇ ಜರ್ಮನಿಯಲ್ಲಿ ಗರಿ ಇರುವ ಆರ್ಕಿಯಾಪ್ಟೆರಿಕ್ಸ್ ಸಿಕ್ಕಿತ್ತು, ಬಾಯಲ್ಲಿ ಹಲ್ಲು, ಉದ್ದನೆಯ ಮೂಳೆಬಾಲ. ಇಂಗ್ಲೆಂಡಿನ ಜೀವವಿಜ್ಞಾನಿ ಹಕ್ಸ್‌ಲಿ ಆಗಲೇ ಈ ನಂಟಿನ ಮಾತು ಎತ್ತಿದ್ದರು. 1996ರಲ್ಲಿ ಚೀನಾದಿಂದ ಸೈನೊಸಾರೊಪ್ಟೆರಿಕ್ಸ್ ಬಂತು, ಹಾರಲಾರದ ಸಣ್ಣ ಡೈನೋಸಾರ್, ಮೈಮೇಲೆ ನಯವಾದ ಪುಕ್ಕದಂಥ ಎಳೆಗಳು. ಆಮೇಲೆ ಸಾಲುಸಾಲಾಗಿ ಗರಿ ಇರೋ ಡೈನೋಸಾರ್‌ಗಳು ಸಿಕ್ಕವು. ನೀವು ಹಕ್ಕಿಯನ್ನು ಹೊರಗಿಡಲೇಬೇಕು ಅಂದರೆ ಎಲ್ಲಿ ಗೆರೆ ಎಳೀತೀರಿ? ಗರಿ? ಹಾರದವಕ್ಕೂ ಇತ್ತು. ಟೊಳ್ಳು ಮೂಳೆ? ಅದೂ ಇತ್ತು.

ನಾಗಮಂಗಲದ ಅಡುಗೆಮನೆ:
ಗೆರೆ ಎಳೆಯಕ್ಕಾಗಲ್ಲ ಅನ್ನೋದನ್ನ ನಾನು ಕೈಯಾರೆ ನೋಡಿದ್ದೀನಿ. ನಾಟಿಕೋಳಿ ಪುಕ್ಕ ತರಿದು, ಬೆಂಕಿಗೆ ಹಿಡಿದು, ಅರಿಶಿನ ಹಚ್ಚಿ ತೊಳೆದ ಮೇಲೆ ಕಾಲು ನೋಡಿ. ಮೊಣಕಾಲಿನ ಕೆಳಗೆ ಪುಕ್ಕ ನಿಂತು ಹಳದಿ ಹುರುಪೆ ಶುರು ಆಗುತ್ತೆ, ಮುಂದುಗಡೆ ಅಗಲ ಪಟ್ಟಿ, ಹಿಂದುಗಡೆ ಸಣ್ಣ ಸಣ್ಣ ಹರಳು. ಮುಂದಕ್ಕೆ ಮೂರು ಬೆರಳು, ಕೊನೇಲಿ ಬಾಗಿದ ಉಗುರು. ಎದೆ ಕಡಿಯುವಾಗ ಕತ್ತಿನ ಬುಡದಲ್ಲಿ ವಿ ಆಕಾರದ ಒಂದು ತೆಳು ಮೂಳೆ ಬರುತ್ತೆ, ಎರಡು ಕಡೆಯಿಂದ ಹಿಡಿದು ಅಮುಕಿದರೆ ಬಾಗುತ್ತೆ, ಮುರಿಯಲ್ಲ. ಆ ಮೂಳೆ ಟಿ. ರೆಕ್ಸ್‌ಗೂ ಇತ್ತು ಅಂತ ಮಗ ಹೇಳಿದ. ಹೌದಾ ಮೇಷ್ಟ್ರೇ?

ಮದ್ದೂರು ಮೇಷ್ಟ್ರು:
ಹೌದು ತಾಯಿ. ಟೈರನೋಸಾರಸ್‌ಗೂ ಇತ್ತು, ವೆಲಾಸಿರ‍್ಯಾಪ್ಟರ್‌ಗೂ ಇತ್ತು. ಎರಡು ಕೊರಳೆಲುಬು ಸೇರಿ ಆದ ಮೂಳೆ ಅದು. ಓತಿಕ್ಯಾತಕ್ಕೆ ಅದು ಇಲ್ಲ.

ಪಾಂಡವಪುರದವ:
ಭಾನುವಾರ ಇದನ್ನೆಲ್ಲ ಓದಿಸ್ತೀರಲ್ಲ, ಮುದ್ದೆ ತಿರುವಕ್ಕೆ ಹೋಗ್ತೀನಿ.

ರಂಗನತಿಟ್ಟು ಪ್ರೇಮಿ:
ಮಗೂನ ಒಂದು ಸಲ ರಂಗನತಿಟ್ಟಿಗೆ ಕರ್ಕೊಂಡು ಹೋಗಿ ಮೇಡಂ. ದೋಣಿ ಬಂಡೆ ಪಕ್ಕಕ್ಕೆ ಹೋದಾಗ ಮೊಸಳೆ ಬಾಯಿ ತೆರ್ಕೊಂಡು ಬಿಸಿಲಿಗೆ ಬಿದ್ದಿರುತ್ತೆ, ದವಡೆ ಒಳಗಿನ ನಸು ಹಳದಿ ಬಣ್ಣವೂ ಕಾಣೋಷ್ಟು ಹತ್ತಿರ. ಅದರ ಮೇಲುಗಡೆ ಕೊಂಬೆಯಲ್ಲೇ ಬಣ್ಣದ ಕೊಕ್ಕರೆಯ ಗೂಡು. ನೋಡಿದವರೆಲ್ಲ ‘ಹಲ್ಲಿ ಜಾತಿ ಕೆಳಗೆ, ಹಕ್ಕಿ ಮೇಲೆ’ ಅಂತಾರೆ. ವಂಶದ ಲೆಕ್ಕದಲ್ಲಿ ಮೊಸಳೆಗೆ ಗೋಡೆ ಮೇಲಿನ ಹಲ್ಲಿಗಿಂತ ಆ ಕೊಕ್ಕರೆನೇ ಹತ್ತಿರದ ನೆಂಟ. ಇವತ್ತು ಬದುಕಿರೋ ಪ್ರಾಣಿಗಳಲ್ಲಿ ಹಕ್ಕಿಗೆ ಎಲ್ಲಕ್ಕಿಂತ ಹತ್ತಿರದ್ದು ಮೊಸಳೆ. ಎರಡಕ್ಕೂ ಹೃದಯದಲ್ಲಿ ನಾಲ್ಕು ಕೋಣೆ, ಎರಡೂ ಗೂಡು ಕಟ್ಟಿ ಮರಿ ನೋಡ್ಕೊಳ್ಳುತ್ತವೆ. ಈ ನಂಟಿನಲ್ಲಿ ಡೈನೋಸಾರ್ ಹಕ್ಕಿ ಕಡೆಯ ಮನೆಯದು.

ಸರಸ್ವತಿಪುರಂ ಓದುಗ:
ಮೊಸಳೆಗೂ ಹಕ್ಕಿಗೂ ನಂಟು ಅನ್ನೋದನ್ನ ಒಪ್ಪುತ್ತೇನೆ. ಆದರೂ ಏಳನೇ ಕ್ಲಾಸಿನ ಪ್ರಶ್ನೆ ಬರೆದವರು ‘ಅಳಿದುಹೋದ’ ಅಂತ ಒಂದು ಪದ ಸೇರಿಸಿದ್ದರೆ ಈ ರಗಳೆ ಇರುತ್ತಿರಲಿಲ್ಲ.

ಗಂಗೋತ್ರಿ ಭೂವಿಜ್ಞಾನ:
ಸೇರಿಸಿದ್ದರೂ ಟೆರೊಡ್ಯಾಕ್ಟೈಲ್ ತಪ್ಪೇ ಆಗ್ತಿತ್ತು ಸರ್.

ಪ್ರೂಫ್ ನೋಡುವವಳು:
ಬರವಣಿಗೆ ಬಗ್ಗೆ ಯಾರೂ ಹೇಳಲಿಲ್ಲ, ನಾನು ಹೇಳ್ತೀನಿ. ಗುಂಪಿನ ಹೆಸರು ಬರೆಯುವಾಗ ಡೈನೋಸಾರ್, ಬಹುವಚನ ಡೈನೋಸಾರ್‌ಗಳು. ‘ಸಾರಸ್’ ಅಂತ ಕೊನೆಯಾಗೋದು ಒಂದೊಂದು ಕುಲದ (ಜೀನಸ್) ಹೆಸರು: ಮೆಗಲೋಸಾರಸ್, ಬ್ರಾಂಟೊಸಾರಸ್, ರಾಜಾಸಾರಸ್. ಅವನ್ನು ಕೇಳಿ ಕೇಳಿ ಗುಂಪಿಗೂ ‘ಡೈನೋಸಾರಸ್’ ಅಂತ ಅಂಟಿಸಿಕೊಂಡಿದ್ದೇವೆ. ವಿಚಿತ್ರ ಅಂದರೆ ಡೈನೋಸಾರಸ್ ಅನ್ನೋ ಕುಲದ ಹೆಸರು ನಿಜಕ್ಕೂ ಇದೆ. 1847ರಲ್ಲಿ ಫಿಷರ್ ಎಂಬುವರು ರಷ್ಯಾದ ಒಂದು ಪಳೆಯುಳಿಕೆಗೆ ಕೊಟ್ಟದ್ದು. ಆ ಪ್ರಾಣಿ ಡೈನೋಸಾರ್ ಅಲ್ಲ, ಸಸ್ತನಿಗಳ ಪೂರ್ವಜರ ಕಡೆಯದು! ಅದಕ್ಕೆ ಪುಸ್ತಕದಲ್ಲಿ ‘ಡೈನೋಸಾರಸ್‌ಗಳು’ ಅಂತ ಕಂಡಾಗಲೆಲ್ಲ ನಾನು ಹೊಡೆದುಹಾಕ್ತೀನಿ.

ಇನ್ನೊಂದು. ಜಾತಿಯ ಪೂರ್ಣ ಹೆಸರು ಎರಡು ಪದ: ಮೊದಲು ಕುಲ, ಆಮೇಲೆ ಪ್ರಭೇದ (ಸ್ಪೀಶೀಸ್). ರೋಮನ್ ಲಿಪಿಯಲ್ಲಿ ಮೊದಲನೆಯದಕ್ಕೆ ದೊಡ್ಡಕ್ಷರ, ಎರಡನೆಯದಕ್ಕೆ ಚಿಕ್ಕಕ್ಷರ, ಎರಡೂ ಓರೆಯಾಗಿ. ನಮ್ಮ ಲಿಪಿಯಲ್ಲಿ ದೊಡ್ಡಕ್ಷರ ಇಲ್ಲ, ಆದ್ದರಿಂದ ಓರೆ ಅಕ್ಷರವನ್ನಾದರೂ ಬಿಡಬಾರದು. ಕುಲದ ಹೆಸರನ್ನು ಚಿಕ್ಕದು ಮಾಡಿದರೆ ಚುಕ್ಕಿ ಬೇಕು: ಟಿ. ರೆಕ್ಸ್. ‘ಟಿ-ರೆಕ್ಸ್’ ಅಂತ ಅಡ್ಡಗೆರೆ ಹಾಕೋದು ಸಿನಿಮಾ ಪೋಸ್ಟರಿನ ರೂಢಿ.

ಸರಸ್ವತಿಪುರಂ ಓದುಗ:
ಇಷ್ಟೆಲ್ಲ ಗ್ರೀಕು ಲ್ಯಾಟಿನ್ ಯಾಕೆ ಬೇಕು? ‘ದೈತ್ಯೋರಗ’ ಅಂತ ಕನ್ನಡದಲ್ಲೇ ಹೇಳಬಹುದು.

ಮದ್ದೂರು ಮೇಷ್ಟ್ರು:
ಅದು ಕಿವಿಗೆ ಇಂಪು, ಆದರೆ ನನಗೆ ಒಂದು ಆಕ್ಷೇಪ ಇದೆ. ಉರಗ ಅಂದರೆ ಎದೆಯ ಮೇಲೆ ಚಲಿಸುವುದು. ಸರೀಸೃಪ ಅಂದರೆ ತೆವಳುವುದು. ಡೈನೋಸಾರ್‌ಗಳನ್ನು ಬೇರೆ ಗುಂಪು ಅಂತ ಗುರುತಿಸಿದ್ದೇ ಅವು ಎದೆ ಎತ್ತಿ, ಕಾಲು ನೆಟ್ಟಗೆ ಊರಿ ನಡೆಯುತ್ತಿದ್ದವು ಅಂತ. ಯಾವ ಗುಣ ಇಲ್ಲವೋ ಅದನ್ನೇ ಹೆಸರಿಗೆ ಕಟ್ಟಿದ ಹಾಗಾಗುತ್ತದೆ. ಓವನ್ ಇಟ್ಟದ್ದು ಆಗಿಹೋಯಿತು. ಇವತ್ತು ಹೊಸದಾಗಿ ಕಟ್ಟುವ ನಾವು ನೋಡಿ ಕಟ್ಟಬೇಕು.

ಸರಸ್ವತಿಪುರಂ ಓದುಗ:
ಭೂವಿಜ್ಞಾನದವರು ಈಗ ತಾನೇ ಹೆಸರಿಗೆ ಅರ್ಥ ನೋಡಬಾರದು ಅಂದರು. ನೀವು ಕನ್ನಡ ಪದಕ್ಕೆ ಮಾತ್ರ ಅರ್ಥ ಅಳೀತೀರಿ.

ಮದ್ದೂರು ಮೇಷ್ಟ್ರು:
ವೈಜ್ಞಾನಿಕ ಹೆಸರಿಗೆ ಕಾಯಿದೆ ಇದೆ. ಆಡುಮಾತಿನ ಪದಕ್ಕೆ ಕೇಳುವವರ ಕಿವಿಯೇ ಕಾಯಿದೆ. ‘ಉರಗ’ ಅಂದ ಕೂಡಲೇ ಕನ್ನಡದವನಿಗೆ ಹಾವು ಕಾಣುತ್ತದೆ.

ಕೆ.ಆರ್.ಪೇಟೆ ಕಬ್ಬು:
ಡೈನೋಸಾರ್ ಅಂತ್ಲೇ ಇರ್ಲಿ ಬಿಡಿ. ಬಸ್ಸು, ರೈಲು ಒಪ್ಕೊಂಡಿಲ್ವ?

ಗಂಗೋತ್ರಿ ಭೂವಿಜ್ಞಾನ:
ನಮ್ಮ ಭಾಷೆಗಳು ವೈಜ್ಞಾನಿಕ ಹೆಸರಿನೊಳಗೇ ಹೋಗಿ ಕೂತಿವೆ, ಅದನ್ನ ಮಕ್ಕಳಿಗೆ ಹೇಳಿ. ಬಾರಾಪಾಸಾರಸ್ ಟಾಗೋರೈ: ಬಂಗಾಳಿಯಲ್ಲಿ ‘ದೊಡ್ಡ ಕಾಲು’, ಜೊತೆಗೆ ರವೀಂದ್ರನಾಥ ಟಾಗೋರರ ಹೆಸರು. ಮೂಳೆ ಸಿಕ್ಕಿದ್ದು ಇವತ್ತಿನ ತೆಲಂಗಾಣ ಭಾಗದ ಗೋದಾವರಿ ಕಣಿವೆಯಲ್ಲಿ, ಹೆಸರಿಟ್ಟದ್ದು 1975ರಲ್ಲಿ. ಕೋಲ್ಕತ್ತಾದ ಇಂಡಿಯನ್ ಸ್ಟ್ಯಾಟಿಸ್ಟಿಕಲ್ ಇನ್‌ಸ್ಟಿಟ್ಯೂಟ್‌ನಲ್ಲಿ ಅದರ ಅಸ್ಥಿಪಂಜರ ನಿಲ್ಲಿಸಿದ್ದಾರೆ. ಆ ಸಂಸ್ಥೆಯ ಮೊದಲಕ್ಷರಗಳಿಂದಲೇ ಐಸಿಸಾರಸ್ ಅಂತ ಇನ್ನೊಂದು ಹೆಸರು ಬಂತು. ರಾಜಾಸಾರಸ್ ನರ್ಮದೆನ್ಸಿಸ್ ಗುಜರಾತಿನ ರಹಿಯೋಲಿಯದು, 2003ರಲ್ಲಿ ಹೆಸರಾಯಿತು, ಮಾಂಸಾಹಾರಿ. ಜೈಸಲ್ಮೇರಿನ ಥಾರೋಸಾರಸ್ 2023ರದು, ಥಾರ್ ಮರುಭೂಮಿಯ ಹೆಸರು.

ಕನ್ನಡದವರಿಗೆ ಥಟ್ಟನೆ ಅರ್ಥ ಆಗೋದು ಬೃಹತ್ಕಾಯೋಸಾರಸ್. ತಮಿಳುನಾಡಿನ ಅರಿಯಲೂರು ಕಡೆ ಕಲ್ಲಮೇಡಿನಲ್ಲಿ ಸಿಕ್ಕಿದ್ದು, ಹೆಸರೇ ಹೇಳುವ ಹಾಗೆ ಬಹಳ ದೊಡ್ಡದು. ಮೊದಲು ಮಾಂಸಾಹಾರಿ ಅಂತ ವರ್ಣಿಸಿದರು, ಆಮೇಲೆ ಉದ್ದ ಕತ್ತಿನ ಸಸ್ಯಾಹಾರಿ ಇರಬೇಕು ಅಂತಾಯ್ತು. ಆ ಮೂಳೆಗಳು ಪುಡಿಯಾಗಿ ಹೋಗಿವೆ, ಹಾಗಾಗಿ ಮತ್ತೆ ಅಳೆದು ನೋಡೋ ದಾರಿಯೇ ಇಲ್ಲ. ಅಷ್ಟು ಚೆಂದದ ಹೆಸರು, ಹಿಂದೆ ಒಂದು ಮೂಳೆ ಉಳಿದಿಲ್ಲ ಅನ್ನೋದು ಬೇಜಾರು.

ಪಾಂಡವಪುರದವ:
ನಮ್ ಮಂಡ್ಯದಲ್ಲಿ ಯಾಕೆ ಒಂದೂ ಸಿಕ್ಕಿಲ್ಲ? ನಮ್ಮ ಮಾವನ ಹೊಲದಲ್ಲಿ ದುಂಡನೆ ಕಲ್ಲು ಐತೆ, ಮೊಟ್ಟೆ ತರಾನೇ. ಪದರ ಪದರವಾಗಿ ಸಿಪ್ಪೆ ಏಳ್ತದೆ.

ಗಂಗೋತ್ರಿ ಭೂವಿಜ್ಞಾನ:
ಅದು ಬಂಡೆ ಸವೆಯೋ ರೀತಿ ಅಣ್ಣ. ಬಿರುಕುಗಳಲ್ಲಿ ನೀರು ಇಳಿದು ಮೂಲೆಗಳು ಮೊದಲು ಕರಗಿ, ಒಳಗಿನ ಗಟ್ಟಿ ಭಾಗ ದುಂಡಗೆ ಉಳಿಯುತ್ತೆ. ಮಂಡ್ಯ, ಮೈಸೂರಿನ ತಳದ ಶಿಲೆ ಬಹುಪಾಲು ನೈಸ್ ಅನ್ನೋ ಗಟ್ಟಿ ಕಲ್ಲು, 250 ಕೋಟಿ ವರ್ಷಕ್ಕೂ ಹಳೆಯದು. ಡೈನೋಸಾರ್ ಬಂದದ್ದು ಸುಮಾರು 23 ಕೋಟಿ ವರ್ಷದ ಹಿಂದೆ. ಪಳೆಯುಳಿಕೆ ಉಳಿಯೋಕೆ ಆ ಕಾಲದಲ್ಲಿ ಕೂಡಿದ ಕೆಸರು, ಮರಳು ಗಟ್ಟಿಯಾದ ಪದರ ಬೇಕು. ಇಲ್ಲಿ ಡೈನೋಸಾರ್ ಓಡಾಡಿದ್ದರೂ ಗುರುತು ಇಟ್ಟುಕೊಳ್ಳೋ ಪದರ ಇಲ್ಲ.

ಆದರೆ ದುಂಡು ಕಲ್ಲನ್ನ ಸುಮ್ಮನೆ ತಳ್ಳಿಹಾಕಬೇಡಿ ಅನ್ನೋದೂ ನಿಜ. ಮಧ್ಯಪ್ರದೇಶದ ಧಾರ್ ಜಿಲ್ಲೆಯಲ್ಲಿ ಹಳ್ಳಿಯವರು ಕುಲದೇವರು ಅಂತ ಪೂಜೆ ಮಾಡ್ತಿದ್ದ ದುಂಡು ಕಲ್ಲುಗಳು ಡೈನೋಸಾರ್ ಮೊಟ್ಟೆ ಅಂತ 2023ರಲ್ಲಿ ಸುದ್ದಿ ಬಂತು. ಅಲ್ಲಿನ ಪದರ ಆ ಕಾಲದ್ದು.

ಪಾಂಡವಪುರದವ:
ಹಂಗಾದ್ರೆ ಮಾವನಿಗೆ ಈಗಲೇ ಹೇಳಲ್ಲ ಬಿಡಿ, ಪೂಜೆ ಶುರು ಮಾಡವ್ರೆ.

ಕುವೆಂಪುನಗರ ನಿವಾಸಿ:
ಮಗಳು ಇಷ್ಟನ್ನೂ ಪಕ್ಕದಲ್ಲಿ ಕೂತು ಓದಿಸಿಕೊಂಡಳು. ಅವಳ ಇನ್ನೊಂದು ಪ್ರಶ್ನೆ: ಡೈನೋಸಾರ್‌ಗಳಲ್ಲಿ ‘ಹಕ್ಕಿ ಸೊಂಟದವು’ ಮತ್ತು ‘ಹಲ್ಲಿ ಸೊಂಟದವು’ ಅಂತ ಎರಡು ಭಾಗ ಇದೆಯಂತೆ. ಹಕ್ಕಿ ಬಂದದ್ದು ಹಕ್ಕಿ ಸೊಂಟದವುಗಳಿಂದ ತಾನೇ?

ಮದ್ದೂರು ಮೇಷ್ಟ್ರು:
ಇಲ್ಲ ಮಗು, ಹಲ್ಲಿ ಸೊಂಟದವುಗಳಿಂದ! ಈ ಎರಡು ಭಾಗ ಮಾಡಿದ್ದು 1887ರಲ್ಲಿ ಹ್ಯಾರಿ ಸೀಲಿ. ಒಂದು ಗುಂಪಿನ ಸೊಂಟದ ಮುಂದಿನ ಎಲುಬು ಹಿಂದಕ್ಕೆ ತಿರುಗಿತ್ತು, ಹಕ್ಕಿಯ ಹಾಗೆ ಕಂಡಿತು, ಆ ಹೆಸರಿಟ್ಟರು. ಟ್ರೈಸೆರಟಾಪ್ಸ್ ಆ ಗುಂಪು. ನಿಜವಾದ ಹಕ್ಕಿಗಳು ಟಿ. ರೆಕ್ಸ್ ಇರುವ ಇನ್ನೊಂದು ಗುಂಪಿನಿಂದ ಬಂದವು, ಅವುಗಳ ಎಲುಬು ಆಮೇಲೆ ಬೇರೆಯಾಗಿ ಹಿಂದಕ್ಕೆ ತಿರುಗಿತು. ಕ್ವಿಜ್‌ನಲ್ಲಿ ಇದನ್ನು ಕೇಳಿದರೆ ಇನ್ನೊಂದು ರಗಳೆ.

ಪ್ರೂಫ್ ನೋಡುವವಳು:
ಹಾಗಾದರೆ ಸುದ್ದಿ ಬರೆಯುವಾಗ ‘ಡೈನೋಸಾರ್‌ಗಳು 6.6 ಕೋಟಿ ವರ್ಷದ ಹಿಂದೆ ನಾಶವಾದವು’ ಅನ್ನೋ ವಾಕ್ಯಕ್ಕೆ ಏನು ಮಾಡೋದು? ದಿನಾ ಬರುತ್ತೆ ನನ್ನ ಮೇಜಿಗೆ.

ಗಂಗೋತ್ರಿ ಭೂವಿಜ್ಞಾನ:
‘ಹಕ್ಕಿಗಳನ್ನು ಬಿಟ್ಟು ಉಳಿದ ಡೈನೋಸಾರ್‌ಗಳು’ ಅಂತ ಒಮ್ಮೆ ಹೇಳಿಬಿಡಿ. ಶಾಸ್ತ್ರದಲ್ಲಿ ‘ಪಕ್ಷಿಯೇತರ ಡೈನೋಸಾರ್’ ಅಂತ ಬರೆಯೋದೂ ಇದೇ ಅರ್ಥಕ್ಕೆ.

ಸರಸ್ವತಿಪುರಂ ಓದುಗ:
ಶೀರ್ಷಿಕೆಯಲ್ಲಿ ಅಷ್ಟುದ್ದ ಹಿಡಿಯಲ್ಲ.

ಪ್ರೂಫ್ ನೋಡುವವಳು:
ಶೀರ್ಷಿಕೆಯಲ್ಲಿ ‘ದೈತ್ಯ ಡೈನೋಸಾರ್‌ಗಳು’ ಹಾಕಿ, ಮೊದಲ ಪ್ಯಾರಾದಲ್ಲಿ ಪೂರ್ತಿ ಬರೆಸ್ತೀನಿ. ನನಗೆ ಅದು ನಡೆಯುತ್ತೆ.

ಮದ್ದೂರು ಮೇಷ್ಟ್ರು:
ನನಗೆ ನಡೆಯಲ್ಲ. ಕೋಳಿಮರಿ ಗಾತ್ರದವೂ ಅದೇ ಸಲ ಅಳಿದವು. ಪ್ಯಾರಾದಲ್ಲಿ ಬರೆಯೋದನ್ನೇ ಎರಡು ಪದದಲ್ಲಿ ಶೀರ್ಷಿಕೆಗೂ ತನ್ನಿ.